ಶ್ರಾವಣದಲ್ಲಿ ಹಚ್ಚಿದ ಸಿನಿಮಾ ಪುರಾಣ

ಅಬ್ಬಿಗೇರಿಯ ಕಲ್ಮೇಶ್ವರ ಗುಡಿಯಲ್ಲಿ ಶ್ರಾವಣ ಬಂತೆಂದರೆ ತಿಂಗಳಿಡೀ ಪುರಾಣ. ಹೊಲದಲ್ಲಿ ಹೆಸರುಕಾಯಿ ಬಿಡಿಸಿ ಬಂದ ಹೆಂಗಸರು ಮೈ ತೊಳೆದುಕೊಂಡು, ಅರ್ಧ ರೊಟ್ಟಿ ಬಾಯಿಗೆ ಹಾಕಿಕೊಂಡು, ದೀಪ ಹಚ್ಚುವ ಹೊತ್ತಿಗೆ ಬಂದು ಕೂಡುತ್ತಾರೆ. ಕೇಳುತ್ತ ಕೇಳುತ್ತ ಹೂಬತ್ತಿ ಹೊಸೆಯುತ್ತಾರೆ. ಗಂಡಸರು ಕಂಬಕ್ಕೊರಗಿ ಮೊದಲರ್ಧ ಕೇಳಿ, ಉಳಿದರ್ಧ ಕಣ್ಣು ಮುಚ್ಚುತ್ತಾರೆ. ಪುರಾಣಕ್ಕೆ ಇಬ್ಬರು ಬೇಕು. ಹಾರ್ಮೋನಿಯಂ ಮುಂದಿಟ್ಟುಕೊಂಡು ಪುಸ್ತಕದಲ್ಲಿದ್ದುದನ್ನು ರಾಗವಾಗಿ ಹಾಡುವವನೊಬ್ಬ. ಅವನು ನಿಲ್ಲಿಸಿದಲ್ಲಿಂದ ಎತ್ತಿಕೊಂಡು ಅರ್ಥ ಬಿಡಿಸಿ ಹೇಳುವವನೊಬ್ಬ. ಹಾಡುವವನಿಗೆ ಚಾಪೆ, ಅರ್ಥ ಹೇಳುವವನಿಗೆ ಗಾದಿ.

ಆ ಗಾದಿಯ ಮೇಲೆ ಈಶಪ್ಪನ ಅಪ್ಪ ತಾನು ಸಾಯುವ ವರ್ಷದ ತನಕ ಕೂತಿದ್ದ. ಅಲ್ಲಿಂದ ಮುಂದೆ ಈಶಪ್ಪ. ಹೊಲವಿತ್ತು, ಮನೆಯಿತ್ತು, ಹೇಳಿದ ಮಾತನ್ನು ಅರ್ಧವಾದರೂ ಕೇಳುವ ಮಕ್ಕಳಿದ್ದರು. ಆದರೆ ಊರೊಳಗೆ ಈಶಪ್ಪ ಯಾರೆಂದರೆ ಗಾದಿ ಮೇಲೆ ಕೂರುವವನು. ಉಳಿದ ತಿಂಗಳುಗಳಲ್ಲಿ ಅವನು ಎಲ್ಲರಂತೆ ಬೀಜ ಗೊಬ್ಬರಕ್ಕೆ ಪಾಳಿ ಹಚ್ಚಿ ನಿಲ್ಲುತ್ತಿದ್ದ. ಶ್ರಾವಣದಲ್ಲಿ ಮಾತ್ರ ಅವನು ಕೆಮ್ಮಿದರೂ ಜನ ಕಿವಿಗೊಡುತ್ತಿದ್ದರು. ಈಗ ಕಣ್ಣಿಗೆ ಪೊರೆ ಬಂದು ಅಕ್ಷರಗಳು ಇರುವೆಯ ಸಾಲಿನಂತೆ ಕಾಣುತ್ತಿದ್ದವು. ಅದರಿಂದ ಅಡಚಣೆಯೇನೂ ಆಗಿರಲಿಲ್ಲ. ಪುರಾಣ ಅವನಿಗೆ ಬಾಯಿಪಾಠ.

ಅಡಚಣೆ ಬಂದದ್ದು ಬಸವಪ್ರಸಾದನಿಂದ. ಗಜೇಂದ್ರಗಡದ ಈ ಹುಡುಗ ಹಾಡುವುದಕ್ಕೆ ಬರತೊಡಗಿ ಮೂರು ವರ್ಷವಾಗಿತ್ತು. ಕಂಠ ಚಲೋ. ತಾನೇ ಪ್ರವಚನವನ್ನೂ ಹೇಳಿ ಮೊಬೈಲಿಗೆ ಹಾಕುತ್ತಿದ್ದ. ಗುಡಿಯ ಹಿರಿಯರೊಳಗೆ ಒಂದು ಮಾತು ಹರಿದಾಡುತ್ತಿತ್ತು: "ಅವಾ ಹಾಡೂ ಹಾಡ್ತಾನ, ಅರ್ಥಾನೂ ಹೇಳ್ತಾನ. ಒಂದ ಊಟದಾಗ ಎರಡೂ ಆಕ್ಕಾವು." ಈ ಮಾತು ಈಶಪ್ಪನ ಕಿವಿಗೆ ಬಿದ್ದಿತ್ತು. ಬೀಳಲಿ ಎಂದೇ ಆಡಿದ ಮಾತಾಗಿತ್ತು.

ಪುರಾಣದ ಪುಸ್ತಕದ ಬೆನ್ನನ್ನು ಇಲಿ ತಿಂದಿದ್ದರಿಂದ ಅದನ್ನು ಗಜೇಂದ್ರಗಡದ ಮುನಾವರನ ಬೈಂಡಿಂಗ್ ಅಂಗಡಿಗೆ ಕಳಿಸಿದ್ದರು. ಆಷಾಢ ಮುಗಿಯುವ ಮೊದಲೇ ಅದು ಕೆಂಪು ರೆಕ್ಸಿನ್ ಹೊದ್ದುಕೊಂಡು, ವರ್ತಮಾನ ಪತ್ರಿಕೆಯಲ್ಲಿ ಸುತ್ತಿಸಿಕೊಂಡು ಬಂತು. ಈಶಪ್ಪನ ಹೆಂಡತಿ ಸಿದ್ದವ್ವ ತಲೆಗೆ ನೀರು ಹಾಕಿಕೊಂಡು, ಪತ್ರಿಕೆ ತೆಗೆದು, ಮಡಿ ಬಟ್ಟೆಯಲ್ಲಿ ಕಟ್ಟಿ ದೇವರ ಜಗಲಿಯ ಮೇಲಿಟ್ಟಳು. ಹಾಗೆ ಕಟ್ಟಿದ್ದನ್ನು ಮನೆಯಲ್ಲಿ ಬಿಚ್ಚುವ ಪದ್ಧತಿ ಇಲ್ಲ. ಶ್ರಾವಣದ ಮೊದಲ ದಿನ ತಲೆಯ ಮೇಲೆ ಹೊತ್ತು ಗುಡಿಗೆ ತಂದು, ವಿಭೂತಿ ಹಚ್ಚಿ, ಬಿಲ್ವಪತ್ರಿ ಏರಿಸಿ, ಕಾಯಿ ಒಡೆದು, "ಈ ಪುಸ್ತಕವನ್ನು ಕಡೆತನಕ ಕೇಳುತ್ತೇವೆ" ಎಂದು ಊರವರೆಲ್ಲ ಕೈಮುಗಿದು ನಿಂತ ಮೇಲೆಯೇ ಗಂಟು ಬಿಚ್ಚಬೇಕು.

ಹಾಗೇ ಆಯಿತು. ಕಾಯಿ ಒಡೆದರು. ಹರಹರ ಅಂದರು. ಬಸವಪ್ರಸಾದ ಗಂಟು ಬಿಚ್ಚಿ, ಮೊದಲ ಹಾಳೆ ತೆರೆದು, ಮೈಕ್ ಹತ್ತಿರ ಎಳೆದುಕೊಂಡು, ಭೂಪ ರಾಗದಲ್ಲಿ ಎತ್ತಿದ:

"ಕಾಗದದ ಮೇಲೆ ಬರೆದ ಕುದುರೆ ಓಡುವುದಿಲ್ಲ. ಓಡಿದಂತೆ ಕಾಣಬೇಕಾದರೆ ಅದರ ಮಗ್ಗುಲಿಗೆ ಇನ್ನೊಂದು ಕುದುರೆಯನ್ನು, ಕಾಲು ತುಸು ಮುಂದಿಟ್ಟಂತೆ ಬರೆಯಬೇಕು."

ವರ್ಷಗಳ ರೂಢಿ, ಬಾಯಿ ತಾನಾಗಿ ಹಾಡಿಬಿಟ್ಟಿತ್ತು. ಕುದುರೆ ಎಂಬಲ್ಲಿ ಒಂದು ತಾನ್ ಕೂಡ ತೆಗೆದ. ಹಾಡಿ ಮುಗಿದ ಮೇಲೆಯೇ ತಾನು ಹಾಡಿದ್ದೇನು ಎಂದು ಪುಸ್ತಕವನ್ನು ನೋಡಿದ. ಆಮೇಲೆ ಈಶಪ್ಪನ ಕಿವಿಗೆ ಬಾಗಿ, "ಯಜಮಾನ್ರ, ಇದು ಪುರಾಣ ಅಲ್ರಿ. ಕಾರ್ಟೂನ್ ಸಿನಿಮಾದ ಚರಿತ್ರಿ" ಅಂದ. ಹಾರ್ಮೋನಿಯಂ ಬಿಡಲಿಲ್ಲ; ಸ್ವರ ಹಿಡಿದೇ ಇದ್ದ. ಮುಖದಲ್ಲಿ ದುಃಖವೇನೂ ಕಾಣಲಿಲ್ಲ.

ಈಶಪ್ಪನಿಗೆ ಎದುರಿಗೆ ಜನ ಮಬ್ಬಾಗಿ ಕಂಡರು. ಬತ್ತಿ ಹೊಸೆಯುವ ಕೈಗಳು ನಿಂತಿದ್ದವು. ಈಗ ಗಾದಿಯಿಂದ ಎದ್ದರೆ ಮತ್ತೆ ಕೂರುವುದು ಆಗುವ ಮಾತಲ್ಲ ಎಂದು ಅವನಿಗೆ ತಿಳಿಯಿತು. ಗಂಟಲು ಸರಿಮಾಡಿಕೊಂಡ.

"ನೋಡ್ರಿ, ಈ ಜೀವ ಐತಲ್ಲ, ಇದ ಕಾಗದದ ಕುದುರಿ. ತಾನ ಓಡ್ತೀನಿ ಅಂತ ತಿಳದೈತಿ. ಓಡಂಗಿಲ್ಲ. ಒಂದು ಜನ್ಮ, ಅದರ ಮಗ್ಗಲಾಗ ಇನ್ನೊಂದು ಜನ್ಮ. ಹೋದ ಜನ್ಮಕ್ಕಿಂತ ಈ ಜನ್ಮದಾಗ ಒಂದ ಕಾಲು ಮುಂದ, ಅಷ್ಟ. ಮ್ಯಾಲ ಕುಂತಾವ ಹಾಳಿ ತಿರುವ್ತಾನ. ನಾವು ಓಡಿದಂಗ ಕಾಣ್ತೀವಿ."

ಕೈಗಳು ಮತ್ತೆ ಬತ್ತಿ ಹೊಸೆಯತೊಡಗಿದವು.

ದಿನದ ಕೊನೆಗೆ ಯಾರಾದರೂ ಒಂದು ಸಂಶಯ ಕೇಳುವುದು ಅಲ್ಲಿಯ ರೂಢಿ. ಕೇಳುವವಳು ಸಾಮಾನ್ಯವಾಗಿ ಗುಡ್ಡವ್ವ. ಕೂಲಿಗೆ ಹೋಗುವ ಹೆಂಗಸು. ಊರಲ್ಲಿ ಯಾರ ಹೊಲದಲ್ಲಿ ಯಾವ ಮೂಲೆಗೆ ಕಳೆ ಹೆಚ್ಚೆಂದು ಒಡೆಯರಿಗಿಂತ ಚೆನ್ನಾಗಿ ಬಲ್ಲವಳು. ಹೆಂಗಸರ ಸಾಲಿನ ಮುಂದೆಯೇ ಕೂರುತ್ತಿದ್ದಳು.

"ಅಜ್ಜಾರ, ಅಷ್ಟೊಂದು ಕುದುರಿ ಬರಿಯಾವ್ರು ಯಾರ್ರಿ? ಒಬ್ಬಾವ ಬರೀತಾನೋ, ಆಳು ಹಚ್ಚ್ಯಾನೋ?"

ಈಶಪ್ಪನಿಗೆ ಗೊತ್ತಿರಲಿಲ್ಲ. "ಅದು ಮುಂದಿನ ಅಧ್ಯಾಯದಾಗ ಬರ್ತೈತವ್ವಾ" ಅಂದ.

ಮನೆಗೆ ಬಂದು ಅವನು ಹೆಂಡತಿಯ ಮೇಲೆ ಹರಿಹಾಯ್ದ. ಸಿದ್ದವ್ವ ರೊಟ್ಟಿ ಬಡಿಯುವುದನ್ನು ನಿಲ್ಲಿಸಲಿಲ್ಲ. "ಬಟ್ಟಿ ಸುತ್ತು ಅಂದ್ರಿ, ಸುತ್ತಿನಿ. ಒಳಗೇನೈತಿ ನೋಡು ಅಂದ್ರೇನು? ನೋಡಿದ್ರ ಮೈಲಿಗಿ ಮಾಡಿದಿ ಅಂತಿದ್ರಿ."

ಈಶಪ್ಪ ಮುನಾವರನಿಗೆ ಫೋನು ಹಚ್ಚಿದ.

"ತಪ್ಪಾತ್ರಿ ಯಜಮಾನ್ರ" ಅಂದ ಮುನಾವರ. "ಎರಡೂ ಕೆಂಪು ರೆಕ್ಸಿನ್, ಎರಡೂ ದಪ್ಪ. ನಿಮ್ಮ ಪುರಾಣ ನರಗುಂದದ ಡ್ರಾಯಿಂಗ್ ಮಾಸ್ತರ ಕಡೆ ಹೋಗೇತಿ. ಅವರ್ದು ಖರೇ ಅಂದ್ರ ಎರಡು ಪುಸ್ತಕ ಇದ್ವು. ಒಂದು ಕಾರ್ಟೂನಿಂದು, ಒಂದು ಯುದ್ಧದ ಸಿನಿಮಾದ್ದು. ಎರಡೂ ಸಿನಿಮಾದ ಚರಿತ್ರೀನ ಅಲ್ಲಾ ಅಂತ ಕೂಡಿಸಿ ಹೊಲದೀನಿ. ಹೊಲಿಗಿ ಹ್ಯಾಂಗ ಬಂದೈತ್ರಿ?"

"ಹೊಲಿಗಿ ಚಲೋ ಬಂದೈತಿ" ಅಂದ ಈಶಪ್ಪ, ಹೇಳಲೇಬೇಕಾದ್ದರಿಂದ.

ಮರುದಿನವೇ ಡ್ರಾಯಿಂಗ್ ಮಾಸ್ತರ ಗೌತಮ ರೋಣದಲ್ಲಿ ಬಸ್ಸು ಬದಲಿಸಿ ಅಬ್ಬಿಗೇರಿಗೆ ಬಂದ. ಸಣ್ಣ ವಯಸ್ಸಿನ, ಮೆಲ್ಲಗೆ ಮಾತಾಡುವ ಮನುಷ್ಯ. ಪುರಾಣವನ್ನು ಹೊಸ ಟವೆಲ್ಲಿನಲ್ಲಿ ಸುತ್ತಿ ತಂದಿದ್ದ. ಕೊಟ್ಟು, ತನ್ನದನ್ನು ತೆಗೆದುಕೊಂಡು ಹೋಗುವುದು ಎಂದುಕೊಂಡಿದ್ದ. ಗುಡಿಕಟ್ಟೆಯ ಮೇಲೆ ಹಿರಿಯರು ಕೂಡಿದರು. ಅವರಲ್ಲೆಲ್ಲ ಹಿರಿಯನಾದ ನೀಲಪ್ಪಜ್ಜ ಎರಡೂ ಪುಸ್ತಕಗಳನ್ನು ಎರಡು ಕೈಯಲ್ಲಿ ಹಿಡಿದು ತೂಗಿ ನೋಡಿದ.

"ಕಾಯಿ ಯಾವದಕ್ಕ ಒಡದ್ರಿ?"

"ಸಿನಿಮಾದ್ದಕ್ಕ."

"ಕಡೀತನಕ ಕೇಳ್ತೀವಿ ಅಂತ ಕೈ ಮುಗದದ್ದು?"

"ಅದಕ್ಕ."

"ಮತ್ತ ಮುಗೀತು. ಹಚ್ಚಿದ ಪುರಾಣ ನಡುವ ಬಿಡಂಗಿಲ್ಲ. ನಮ್ಮಪ್ಪನ ಕಾಲಕ್ಕ ಒಮ್ಮಿ ಬಿಟ್ಟಿದ್ರು. ಆ ವರ್ಷ ಹೆಸರಿಗೆ ಹಳದಿ ರೋಗ ಬಂತು."

ಹಳದಿ ರೋಗ ಹೋದ ವರ್ಷವೂ ಬಂದಿತ್ತು, ಪುರಾಣ ಪೂರಾ ಆಗಿತ್ತು. ಅದನ್ನು ಯಾರೂ ಎತ್ತಲಿಲ್ಲ.

"ಪುರಾಣದ ಮೂಲ ಪುಸ್ತಕ ಬಂದೈತಲ್ರಿ" ಅಂದ ಈಶಪ್ಪ.

"ಬರಲಿ. ಮಗ್ಗಲಾಗ ಇಡ್ರಿ, ಹೂ ಏರಸ್ರಿ. ಓದೂದು ಮಾತ್ರ ಇದ." ನೀಲಪ್ಪಜ್ಜ ಸಿನಿಮಾದ್ದನ್ನು ಮೇಲೆತ್ತಿದ. ಆಮೇಲೆ ಬೇರೆ ಏನೋ ನೆನಪಾದವನಂತೆ, "ಮಂದಿ ಕುಂತು ಕೇಳಿದ್ರ ಗಾದಿ ಮುಂದೂ ಈಶಪ್ಪಂದ. ಎದ್ದು ಹೋದ್ರಂದ್ರ, ಬರೋ ವರ್ಷದಿಂದ ಬಸವಪ್ರಸಾದ ಒಬ್ಬನ ಎರಡೂ ನೋಡ್ಕೊಳ್ಳಿ" ಅಂದ. ಹಿರಿಯರು ತಲೆಯಾಡಿಸಿದರು. ಬಸವಪ್ರಸಾದ ಎಲೆಯಡಿಕೆಗೆ ಸುಣ್ಣ ಸವರುತ್ತಿದ್ದ, ಅವನೂ ತಲೆಯಾಡಿಸಿದ.

ಗೌತಮ ಮಾಸ್ತರ ಹೆಚ್ಚು ಮಾತು ಬೆಳೆಸಲಿಲ್ಲ. ಪುರಾಣ ಮುಗಿಯುವ ಮಂಗಲದ ದಿನ ಪುಸ್ತಕ ಒಯ್ಯುವೆನೆಂದೂ ಅಲ್ಲಿತನಕ ರಜೆಯಿದ್ದಾಗ ಬಂದು ಕೇಳುವೆನೆಂದೂ ಹೇಳಿದ. ತನ್ನ ಪುಸ್ತಕವನ್ನು ಯಾರಾದರೂ ಹಾಡುತ್ತಾರೆಂದು ಅವನು ಎಣಿಸಿರಲಿಲ್ಲ.

ಅಂದಿನಿಂದ ಬಸವಪ್ರಸಾದ ಪುಸ್ತಕದ ಒಂದಕ್ಷರವನ್ನೂ ಬಿಡದೆ ಹಾಡತೊಡಗಿದ. ಪರದೇಶದ ಊರಿನ ಹೆಸರು, ಇಸವಿ, ಹಾಳೆಯ ಕೆಳಗಿನ ಅಡಿಟಿಪ್ಪಣಿ, "ನೋಡಿ ಪುಟ ತೊಂಬತ್ತೊಂದು" ಎಂಬುದನ್ನು ಸಹ ರಾಗವಾಗಿ ಹಾಡಿ ನಿಲ್ಲಿಸಿ, ಅರ್ಥ ಹೇಳಿರೆಂದು ಈಶಪ್ಪನ ಕಡೆ ಕೈ ಮಾಡುತ್ತಿದ್ದ. ಈಶಪ್ಪ ಎದೆಗುಂದಲಿಲ್ಲ. "ಪುಟ ತೊಂಬತ್ತೊಂದು ನೋಡು ಅಂತಾನ. ಯಾಕ? ಮುಂದ ಆಗೂದು ಈಗಾಗ್ಲೆ ಬರದೈತಿ ಅಂತ ತಿಳೀಲಿ ಅಂತ" ಅಂದ. ಗಂಡಸರ ಸಾಲಿನಲ್ಲಿ ಒಬ್ಬಿಬ್ಬರು ಎಚ್ಚರಾದರು.

ಗುಡ್ಡವ್ವನ ಸಂಶಯಕ್ಕೆ ಉತ್ತರ ಖರೇನೇ ಮುಂದಿನ ಅಧ್ಯಾಯದಲ್ಲಿತ್ತು. ದೊಡ್ಡ ಕೋಣೆಗಳಲ್ಲಿ ಸಾಲಾಗಿ ಕೂತ ಹೆಂಗಸರು, ಬೇರೆಯವರು ಬರೆದ ಗೆರೆಗಳ ಮೇಲೆ ಗೆರೆ ತಿದ್ದಿ, ದಿನವಿಡೀ ಬಣ್ಣ ತುಂಬುತ್ತಿದ್ದರೆಂದು ಬಸವಪ್ರಸಾದ ಹಾಡಿದ. ಗುಡ್ಡವ್ವ ಪಕ್ಕದವಳ ಕಡೆ ತಿರುಗಿ, "ಗೆರಿ ಎಳಿಯಾಂವ ಗಂಡ್ಸು, ಬಗ್ಗಿ ತುಂಬಾಕಿ ಹೆಣ್ಣಾಳು. ಯಾ ದೇಶಕ್ಕ ಹೋದ್ರೂ ಸಾಲು ಒಂದ ನೋಡವ್ವಾ" ಅಂದಳು. ಮರುದಿನ ಹೆಸರು ಬಿಡಿಸುವಲ್ಲಿ ಈ ಮಾತು ನಾಲ್ಕು ಹೊಲ ದಾಟಿತು. ಸಂಜೆಗೆ ಗುಡಿಯಲ್ಲಿ ಕೂರಲು ಜಾಗ ಸಾಲದಾಯಿತು.

ಆಮೇಲೆ ಕರಡಿ ಬಂತು. ಎಂದೋ ಯಾರೋ ಮಾಡಿದ ಒಂದು ಸಣ್ಣ ಚಿತ್ರದ ಬಗ್ಗೆ ಪುಸ್ತಕದಲ್ಲಿ ನಾಲ್ಕೇ ಸಾಲಿದ್ದವು: ಒಂದು ಕರಡಿಮರಿ ತನ್ನ ನೆರಳು ಕಳೆದುಕೊಳ್ಳುತ್ತದೆ, ಗಿಡ, ಕಲ್ಲು, ಹೊಳೆ ಎಲ್ಲವನ್ನೂ ಕೇಳುತ್ತ ಅಲೆಯುತ್ತದೆ, ಕೊನೆಗೆ ನಡುಮಧ್ಯಾಹ್ನ ತನ್ನ ಕಾಲ ಕೆಳಗೇ ಅದು ಸಿಗುತ್ತದೆ. ಬಸವಪ್ರಸಾದ ಹಾಡಿ ಮುಗಿಸಿದ. ಈಶಪ್ಪ ಹೇಳಲು ಹಿಡಿದ, ಮೂರು ಸಂಜೆ ಬೇಕಾಯಿತು. ಮರಿ ಮನೆ ಬಿಟ್ಟದ್ದು ಯಾಕೆ ಎಂದು ಕೇಳಿಕೊಂಡ; ಯಾಕೆಂದರೆ ಅವ್ವ ಬೈದಿದ್ದಳು. ಅವ್ವ ಬೈದದ್ದು ಯಾಕೆ? ಅವಳಿಗೆ ಮೈಯಲ್ಲಿ ಜ್ವರವಿತ್ತು, ಮರಿಗೆ ಹೇಳಿರಲಿಲ್ಲ. ಇತ್ತ ಮರಿ ನೆರಳು ಹುಡುಕುತ್ತಿದ್ದರೆ ಅತ್ತ ಅವ್ವ ಮರಿಯನ್ನು ಹುಡುಕುತ್ತಿದ್ದಳು. ಹೊಳೆಯ ಈ ದಂಡೆಯಲ್ಲಿ ಒಬ್ಬರು, ಆ ದಂಡೆಯಲ್ಲಿ ಒಬ್ಬರು. ಕೊನೆಗೆ ಅವ್ವ ಜ್ವರದಲ್ಲೇ ಬಂದು ಮರಿಯನ್ನು ಹೊಳೆ ದಾಟಿಸಿದಳು. ಹೆಂಗಸರು ಬತ್ತಿ ಹೊಸೆಯುವುದನ್ನು ಬಿಟ್ಟು ಸೆರಗು ಮೂಗಿಗೆ ಹಿಡಿದರು. ಹೊಸೆದ ಬತ್ತಿ ಸಾಲದೆ ಗುಡಿಯವರು ಆ ವಾರ ಅಂಗಡಿಯಿಂದ ತರಬೇಕಾಯಿತು.

ಅದರ ಮುಂದಿನ ರವಿವಾರ ಗೌತಮ ಮಾಸ್ತರ ಈಶಪ್ಪನ ಮನೆಯಲ್ಲಿ ಚಹಾ ಕುಡಿಯುತ್ತ ಮೆಲ್ಲಗೆ ಅಂದ:

"ಅಜ್ಜಾರ, ಆ ಕರಡಿಗೆ ಅವ್ವ ಇಲ್ರಿ."

"ಅವ್ವ ಇಲ್ದ ಮರಿ ಎಲ್ಲಿಂದ ಬಂತೋ?"

"ಚಿತ್ರದಾಗ ಇಲ್ರಿ. ನಾ ನೋಡೀನಿ."

"ಚಿತ್ರದಾಗ ತೋರ್ಸಿಲ್ಲ ಅನ್ನು ಮಾಸ್ತರ. ಇಲ್ಲ ಅನಬ್ಯಾಡ."

ಗೌತಮ ಅದನ್ನು ಯೋಚಿಸಿ ನೋಡಿದ. ಯೋಚಿಸಿದಷ್ಟೂ ಅದು ಸುಳ್ಳೆನ್ನಿಸಲಿಲ್ಲ. ಒಳಗಿಂದ ಸಿದ್ದವ್ವ, "ಎಷ್ಟೊತ್ತಿಂದೈತಿ ಅದು, ಸಿನಿಮಾ?" ಎಂದು ಕೇಳಿದಳು.

"ಏಳು ನಿಮಿಷದ್ದು ಅವ್ವಾರ."

"ಏಳು ನಿಮಿಷಕ್ಕ ಇವರು ಮೂರು ಸಂಜಿ ಅಳಿಸ್ಯಾರ" ಅಂದಳು ಸಿದ್ದವ್ವ. ಹೊಗಳಿದಳೋ ಬೈದಳೋ ಗೊತ್ತಾಗಲಿಲ್ಲ.

ಗೌತಮ ಒಳ್ಳೆಯ ಮನಸ್ಸಿನಿಂದಲೇ ಮುಂದಿನ ಮಾತು ಆಡಿದ. ತನ್ನ ಶಾಲೆಯಲ್ಲಿ ಪ್ರೊಜೆಕ್ಟರ್ ಇದೆ, ಚಿತ್ರ ತನ್ನ ಹತ್ತಿರ ಇದೆ, ಬೇಕೆಂದರೆ ಊರವರಿಗೆ ತೋರಿಸಬಹುದು ಎಂದ. ಈಶಪ್ಪ, "ಯಾಕ ಬಿಡು, ಹಾದಿ ದೂರ" ಎನ್ನುವುದರೊಳಗೆ ಬಾಗಿಲಲ್ಲಿ ಬಸವಪ್ರಸಾದ ನಿಂತಿದ್ದ. ಅವನು ಚಹಾಕ್ಕೆ ಬಂದದ್ದು. ಚಹಾ ಕುಡಿಯದೆ ಹೋದ. ಆ ಸಂಜೆ ಮಂಗಳಾರತಿಯಾದ ಮೇಲೆ ಮೈಕಿನಲ್ಲಿ ಸಾರಿದ: "ಯಜಮಾನ್ರು ಹೇಳಿದ ಕರಡಿ ಕತಿ ಮಂಗಲದ ಹಿಂದಿನ ದಿನ ಇದ ಗುಡಿಯಾಗ ಪರದೆ ಮ್ಯಾಲ ಬರ್ತೈತಿ. ಹೇಳಿದ್ದ ಐತೋ ಇಲ್ಲೋ ಎಲ್ಲಾರೂ ಕಣ್ಣಾರ ನೋಡ್ರಿ."

ಉಳಿದ ದಿನಗಳಲ್ಲಿ ಪುಸ್ತಕದ ಎರಡನೆಯ ಭಾಗ ನಡೆಯಿತು. ಯುದ್ಧದ ಸಿನಿಮಾಗಳ ಚರಿತ್ರೆ. ಒಂದೇ ಗುಂಪಿನ ಮಂದಿಗೆ ಮುಂಜಾನೆ ನಮ್ಮ ಸೈನ್ಯದ ಅಂಗಿ ತೊಡಿಸಿ ಓಡಿಸುವುದು, ಮಧ್ಯಾಹ್ನ ಅದೇ ಮಂದಿಗೆ ವೈರಿಗಳ ಅಂಗಿ ತೊಡಿಸಿ ಬೀಳಿಸುವುದು, ಹೀಗೂ ಚಿತ್ರ ತೆಗೆಯುತ್ತಿದ್ದರೆಂದು ಬಂತು. ಈಶಪ್ಪನಿಗೆ ಇದು ಹೇಳಿ ಮಾಡಿಸಿದ ಮಾತು. "ಹೊಡದಾವ್ನೂ ಅವ, ಹೊಡಿಸ್ಕೊಂಡಾವ್ನೂ ಅವ, ಅಂಗಿ ಅಷ್ಟ ಬ್ಯಾರೆ" ಎಂದು ಬಿಡಿಸಿ ಹೇಳಿದ. ಜನ ಹೌದೌದು ಎಂದರು.

"ಹಂಗಾರ ಅಜ್ಜಾರ, ನಡುವ ಊಟಕ್ಕ ಯಾವ ಪಂಕ್ತ್ಯಾಗ ಕುಂದರ್ತಿದ್ರು?" ಅಂದಳು ಗುಡ್ಡವ್ವ.

ಗುಡಿಯೆಲ್ಲ ನಕ್ಕಿತು. ಬೇರೆ ವರ್ಷವಾಗಿದ್ದರೆ ಈಶಪ್ಪನೂ ನಗುತ್ತಿದ್ದ. ಅವನ ತಲೆಯಲ್ಲಿ ಕರಡಿ ಕೂತಿತ್ತು. ಪರದೆಯ ಮೇಲೆ ಅವ್ವ ಬರುವುದಿಲ್ಲ. ಜ್ವರ ಬರುವುದಿಲ್ಲ. ಆ ದಂಡೆ ಈ ದಂಡೆ ಬರುವುದಿಲ್ಲ. ಇಷ್ಟು ವರ್ಷ ಅವನು ಹೇಳಿದ ಪುರಾಣದಲ್ಲಿ ಪುಸ್ತಕದ್ದೆಷ್ಟು, ತನ್ನದೆಷ್ಟು ಎಂದು ಯಾರೂ ಅಳೆದಿರಲಿಲ್ಲ. ಆ ಪುರಾಣದೊಳಗಿನ ಶರಣರ ಸಿನಿಮಾ ಯಾರ ಹತ್ತಿರವೂ ಇರಲಿಲ್ಲ.

ಮಂಗಲದ ಹಿಂದಿನ ಸಂಜೆ ಗುಡಿಯ ಗೋಡೆಗೆ ಬಿಳಿಯ ಧೋತರ ಬಿಗಿದರು. ಧೋತರ ಈಶಪ್ಪನದೇ, ಸಿದ್ದವ್ವ ತೊಳೆದು ಕೊಟ್ಟಿದ್ದಳು. "ಹ್ಯಾಂಗೂ ಮಾನ ಹೋಗೂದೈತಿ, ಧೋತರಾನೂ ಹೋಗಲಿ" ಎಂದಿದ್ದಳು. ಗೌತಮ ದೀಪ ಆರಿಸಿದ. ಈಶಪ್ಪ ಗಾದಿಯ ಮೇಲೆ ನೆಟ್ಟಗೆ ಕೂತ. ಅವನ ಕಣ್ಣಿಗೆ ಕಂಡದ್ದು ಬಿಳಿಯದರ ಮೇಲೆ ಕರಿಯದೊಂದು ಅತ್ತಿತ್ತ ಹೋದದ್ದು ಮಾತ್ರ. ಅದು ಕರಡಿಯೋ ಕಲ್ಲೋ ತಿಳಿಯಲಿಲ್ಲ. ತಿಳಿಯುವುದರೊಳಗೆ ಮುಗಿದೂ ಹೋಯಿತು.

ದೀಪ ಹಚ್ಚಿದರು. ಗುಡ್ಡವ್ವ ಎದ್ದು ನಿಂತಳು.

"ಮಾಸ್ತರ್ರ, ಉಳಿದದ್ದು ಎಲ್ಲೈತ್ರಿ?"

"ಇಷ್ಟ ಅವ್ವಾ. ಮುಗೀತು."

"ಅದ್ಹ್ಯಾಂಗ ಮುಗೀತ್ರಿ? ಅವ್ವ ಬರ್ಲೇ ಇಲ್ಲ. ಹೊಳಿ ದಾಟಿಸ್ಲೇ ಇಲ್ಲ. ನಿಮಗ ಯಾರೋ ಅರ್ಧಾ ಹರದದ್ದು ಕೊಟ್ಟು ಮೋಸ ಮಾಡ್ಯಾರ ನೋಡ್ರಿ."

ಹೆಂಗಸರ ಸಾಲಿನಿಂದ ಖರೇ ಖರೇ ಎಂದು ಎದ್ದಿತು. ಕಂಬಕ್ಕೊರಗಿದ್ದ ಒಬ್ಬ, ಟಿವಿಯವರೂ ಹೀಗೇ ನಡುನಡುವೆ ಕತ್ತರಿಸುತ್ತಾರೆ ಎಂದ. ಆಗ ಬಸವಪ್ರಸಾದನಿಗೆ ತಡೆಯಲಾಗಲಿಲ್ಲ. ಮೈಕ್ ಹಿಡಿದ.

"ಅರ್ಧಾ ಅಲ್ರಿ ತಾಯಂದಿರಾ, ಇದ ಪೂರಾ. ಪುಸ್ತಕದಾಗೂ ಅವ್ವ ಇಲ್ಲ. ಹಾಡಿದಾವ ನಾನು, ನನಗ ಗೊತ್ತಿಲ್ಲೇನು? ಎಲ್ಲಾ ಯಜಮಾನ್ರು ಕೂಡಿಸಿದ್ದು."

ಈಶಪ್ಪ ಗಾದಿಯ ಅಂಚನ್ನು ಹಿಡಿದುಕೊಂಡ.

ಗುಡ್ಡವ್ವ ಬಸವಪ್ರಸಾದನನ್ನು, ಎಳೆಯ ಸಸಿಯನ್ನು ಕಳೆಯೆಂದು ಕಿತ್ತವನನ್ನು ನೋಡುವಂತೆ ನೋಡಿದಳು. "ಅಲ್ಲೋ ತಮ್ಮಾ, ಪುಸ್ತಕದಾಗ ಎಲ್ಲಾ ಇದ್ದಿದ್ರ ಅರ್ಥಾ ಹೇಳಾಕ ಅವರ್ನ ಯಾಕ ಕುಂದರ್ಸತಿದ್ವಿ? ನೀ ಇದ್ದದ್ದು ಹಾಡಿದಿ. ಅವರು ಇಲ್ಲದ್ದು ಹೇಳಿದ್ರು. ನಿನಗ ಚಾಪಿ ಹಾಸ್ಯಾರ, ಅವರಿಗೆ ಗಾದಿ ಹಾಸ್ಯಾರ. ಸುಮ್ಮನ ಹಾಸ್ತಾರೇನು?"

ನೀಲಪ್ಪಜ್ಜ ಕಣ್ಣು ತೆರೆದು, "ಆತಲ್ಲ, ಗಾದಿ ಮಾತು ಮುಗೀತು. ನಾಳೆ ಹುಗ್ಗಿಗೆ ಗೋದಿ ನೆನಿ ಹಾಕ್ಯಾರೇನು ನೋಡ್ರಿ" ಎಂದು ಎದ್ದ.

ಮಂಗಲದ ದಿನ ಪುಸ್ತಕದ ಕೊನೆಯ ಹಾಳೆಯನ್ನು, ಅಚ್ಚಾದ ಊರು ಮತ್ತು ಮುದ್ರಣಾಲಯದ ವಿಳಾಸದ ಸಮೇತ, ಬಸವಪ್ರಸಾದ ಹಾಡಿ ಮುಗಿಸಿದ. ಊಟದ ಪಂಕ್ತಿಯಲ್ಲಿ ಹಿರಿಯರು ಒಂದು ಮಾತು ತೆಗೆದರು. ಬರುವ ಶ್ರಾವಣಕ್ಕೂ ಇದೇ ಪುರಾಣ ಆಗಬೇಕೆಂದು ಮಂದಿ ಹಟ ಹಿಡಿದಿದ್ದಾರೆ. ತಿಂಗಳಿಡೀ ಪತ್ರಿ ಏರಿಸಿಕೊಂಡ ಪುಸ್ತಕ, ಊರ ಸೀಮೆ ದಾಟಿಸುವುದು ಸರಿಯಲ್ಲ. ಹಾಗೆಂದು ಮಾಸ್ತರನನ್ನು ಬರಿಗೈಯಲ್ಲಿ ಕಳಿಸುವುದೂ ಸರಿಯಲ್ಲ. ಮಗ್ಗುಲಲ್ಲಿ ಸುಮ್ಮನೆ ಕೂತ ಆ ಹಳೆಯ ಪುರಾಣವನ್ನು ಅವನಿಗೆ ಕೊಟ್ಟರಾಯಿತು. ಪುಸ್ತಕಕ್ಕೆ ಪುಸ್ತಕ.

"ಈಶಪ್ಪಾ, ನಿಂದು ಏನಂತಿ?" ಅಂದ ನೀಲಪ್ಪಜ್ಜ.

ಸಿದ್ದವ್ವ ತುಪ್ಪ ಬಡಿಸುತ್ತ ಬಂದವಳು ಗಂಡನ ಎದುರು ನಿಂತಳು. ಆ ಪುಸ್ತಕ ಮಾವನದು. ಹಾಳೆಗಳ ಅಂಚಿಗೆ ಅವನ ಬೆರಳಿನ ಎಣ್ಣೆ ಇಳಿದು ಕಪ್ಪಾಗಿತ್ತು. ಅವಳು ಗಂಡನ ಮುಖ ನೋಡಿದಳು.

ಈಶಪ್ಪ ಎದುರಿಗಿದ್ದ ಹುಗ್ಗಿಯನ್ನು ಬಹಳ ಹೊತ್ತು ಕಲಸಿದ. ಅಪ್ಪನ ಪುಸ್ತಕ ಕೇಳಿ ಪಡೆದರೆ ಹಿರಿಯರು ಕೊಟ್ಟಾರು. ಆದರೆ ಅದರ ಮುಂದೆ ಕೂರುವ ಮಂದಿ ಎಷ್ಟು, ಕರಡಿಯ ಮುಂದೆ ಕೂತ ಮಂದಿ ಎಷ್ಟು ಎಂಬುದನ್ನು ಅವನು ಮಬ್ಬುಗಣ್ಣಿನಲ್ಲೂ ಕಂಡಿದ್ದ. ಗಾದಿ ಈಗ ಇದ್ದದ್ದು ಈ ಪುಸ್ತಕದ ಮೇಲೆ.

"ಅದು ಬಾಯಿಪಾಠ ಐತಿ" ಅಂದ. "ಇದು ಇಲ್ಲ. ಇದ್ರದ ಪುಸ್ತಕ ಬೇಕಾಗ್ತೈತಿ."

ಸಿದ್ದವ್ವ ಎಂದಿಗಿಂತ ಒಂದು ಸೌಟು ತುಪ್ಪ ಹೆಚ್ಚು ಹಾಕಿ ಮುಂದೆ ಹೋದಳು.

ಊಟವಾದ ಮೇಲೆ ಗೌತಮ ಮಾಸ್ತರ ಪುರಾಣವನ್ನು ಚೀಲದಲ್ಲಿಟ್ಟುಕೊಂಡು ಬಸ್ಸಿಗೆ ಹೊರಟ. ಈಶಪ್ಪ ಗುಡಿಕಟ್ಟೆಯ ತನಕ ಬಂದು, ಅದನ್ನು ನೆಲಕ್ಕಿಡಬಾರದೆಂದೂ ಉಂಡ ಕೈಯಲ್ಲಿ ಮುಟ್ಟಬಾರದೆಂದೂ ಹೇಳಿದ. ಆಗಲಿ ಎಂದ ಮಾಸ್ತರ. ಇನ್ನೂ ಏನೋ ಹೇಳುವುದಿತ್ತು, ಅಷ್ಟರಲ್ಲಿ ಗುಡ್ಡವ್ವ ತಲೆಯ ಮೇಲೆ ಹುಗ್ಗಿಯ ಡಬ್ಬಿ ಹೊತ್ತು ಮನೆಯ ಕಡೆ ಹೊರಟವಳು ನಿಂತಳು.

"ಅಜ್ಜಾರ, ಆ ಕರಡಿ ಅವ್ವನ ಜ್ವರಾ ಇಳೀತೇನ್ರಿ? ನೀವು ಹೇಳಲೇ ಇಲ್ಲ."

"ಬರೋ ಶ್ರಾವಣಕ್ಕ" ಅಂದ ಈಶಪ್ಪ.

"ಅಲ್ಲೀತನಕ ಆಕಿ ಹಂಗ ಇರಬೇಕೇನ್ರಿ?" ಎಂದು ಗುಡ್ಡವ್ವ ಡಬ್ಬಿಯನ್ನು ನೆಟ್ಟಗೆ ಮಾಡಿಕೊಂಡು ನಡೆದಳು. ಈಶಪ್ಪ ಕಟ್ಟೆಯ ಮೇಲೆ ಕೂತು, ಕರಡಿಗೆ ಏನು ಔಷಧ ಕೊಡಬಹುದು ಎಂದು ಯೋಚಿಸತೊಡಗಿದ.